ಸೋಮವಾರ ಬೆಳಗಿನ ಮೊಟ್ಟೆಯ ಸಿಹಿ

ಓದುವವರಿಗೆ ಮೊದಲಾಗಿ ತಿಳಿಸಬೇಕಾದುದೇನೆಂದರೆ, ನಾನು ಇದಕ್ಕೂ ಮುನ್ನ ಏನನ್ನೂ ಬರೆದವಳಲ್ಲ. ಮಂಗಳೂರಿನ ಒಂದು ಬೆರಳಚ್ಚು ತರಗತಿಯಲ್ಲಿ ಎರಡು ವರ್ಷ ಮಾದರಿ ಪತ್ರಗಳನ್ನು ನಕಲು ಮಾಡಿದ್ದೇ ನನಗಿರುವ ಅಭ್ಯಾಸ. ಕ್ರಮದಲ್ಲಿ ತಪ್ಪಿದ್ದರೆ ಮನ್ನಿಸಬೇಕಾಗಿ ಕೋರುತ್ತೇನೆ. ವಿಷಯವು ಒಂದು ತಿಂಡಿಗೆ ಸಂಬಂಧಿಸಿದ್ದು: ಮೊಟ್ಟೆ, ತೆಂಗಿನ ಹಾಲು ಮತ್ತು ಸಕ್ಕರೆ ಸೇರಿಸಿ ಹಬೆಯಲ್ಲಿ ಬೇಯಿಸಿ, ಬೆಳಗಿನ ಉಪಾಹಾರಕ್ಕೆ ಕೊಡುವ ಸಿಹಿ. ಅದನ್ನು ನಾನು ಚೆನ್ನಾಗಿ ಮಾಡುತ್ತೇನೆ ಎಂಬುದನ್ನು ಮನೆಯವರೆಲ್ಲರೂ ಒಪ್ಪಿದ್ದಾರೆ. ನಾನು ಅದನ್ನು ತಿನ್ನುವುದಿಲ್ಲ.

ಎಂಬತ್ತರ ದಶಕ ಆರಂಭವಾಗುವ ಹೊತ್ತಿಗೆ ನನ್ನ ಮದುವೆಯಾಗಿ ಎರಡು ವರ್ಷ ಕಳೆದಿತ್ತು. ನನ್ನ ತವರು ವಾಮಂಜೂರು. ಗಂಡನ ಮನೆಯು ಕೂಳೂರಿನ ಸೇತುವೆಯಿಂದ ಹತ್ತು ನಿಮಿಷದ ನಡಿಗೆಯಲ್ಲಿತ್ತು. ಗಂಡ ಮದುವೆಗೂ ಮೊದಲೇ ಗಲ್ಫಿನಲ್ಲಿ ಉದ್ಯೋಗಕ್ಕೆ ಸೇರಿದವರು. ಮದುವೆಯಾದ ಮೂವತ್ತೆಂಟನೆಯ ದಿನ ಮರಳಿ ಹೋದವರು, ಎರಡು ವರ್ಷಗಳ ನಂತರ ಎರಡು ತಿಂಗಳ ರಜೆಯ ಮೇಲೆ ಬರುವವರಿದ್ದರು. ಅಲ್ಲಿಯವರೆಗೆ ಮನೆಯಲ್ಲಿ ನಾನು ಮತ್ತು ಅತ್ತೆ ಇಬ್ಬರೇ. ಅತ್ತೆಯನ್ನು ಮಾಮಿ ಎಂದು ಕರೆಯುವುದು ನಮ್ಮ ಕ್ರಮ. ನಮ್ಮ ಮನೆಮಾತು ತುಳು. ಆಡಿದ ಮಾತುಗಳನ್ನು ಇಲ್ಲಿ ಕನ್ನಡದಲ್ಲಿ ಕಾಣಿಸಿದ್ದೇನೆ.

ಸೋಮವಾರ ನೀಸು ಬಿಡುವ ಮನೆಗಳು ನಮ್ಮ ಕಡೆ ಬಹಳ. ನೀಸು ಎಂದರೆ ಮೀನು, ಮಾಂಸ, ಮೊಟ್ಟೆ. ಆದರೆ ಮಾಮಿಯ ಸೋಮವಾರವು ಬರೀ ರೂಢಿಯಲ್ಲ, ಹರಕೆ. ಮಗ ಗಲ್ಫಿಗೆ ಹೊರಟ ವಾರದಿಂದ, ಅವನ ಜೀವಕ್ಕೆ ಏನೂ ಆಗಬಾರದೆಂದು ಹೊತ್ತ ಹರಕೆ. ಆ ದಿನ ಮೊದಲ ಬಸ್ಸಿನಲ್ಲಿ ದೇವಸ್ಥಾನಕ್ಕೆ ಹೋಗಿ ಬರುವವರೆಗೆ ಅವರು ಒಂದು ಗುಟುಕು ನೀರನ್ನೂ ಕುಡಿಯುತ್ತಿರಲಿಲ್ಲ. ಆರು ವರ್ಷಗಳಲ್ಲಿ ಒಂದು ಸೋಮವಾರವೂ ತಪ್ಪಿರಲಿಲ್ಲ. ಕಾಲು ಉಳುಕಿದ್ದಾಗಲೂ ನನ್ನ ಹೆಗಲು ಹಿಡಿದುಕೊಂಡು ಬಸ್ ಹತ್ತಿದ್ದರು. ಮುಂದೆ ಹೇಳುವುದನ್ನು ಓದುವಾಗ ಈ ಅಂಶವನ್ನು ಗಮನದಲ್ಲಿಡಬೇಕಾಗಿ ವಿನಂತಿ. ನಾನು ಅವರನ್ನು ದೂರಲು ಬರೆಯುತ್ತಿಲ್ಲ.

ಮದುವೆಗೆ ಮೊದಲು ನಾನು ಸರಕಾರಿ ಕಚೇರಿಯೊಂದರ ಗುಮಾಸ್ತೆಯ ಹುದ್ದೆಗೆ ಪರೀಕ್ಷೆ ಬರೆದಿದ್ದೆ. ಅದರ ನೇಮಕಾತಿ ಆದೇಶವು, ಎಲ್ಲರೂ ಮರೆತ ಮೇಲೆ, ಗಂಡ ಬರುವ ಹಿಂದಿನ ವಾರ ತವರಿನ ವಿಳಾಸಕ್ಕೆ ಬಂತು. ತಂದೆಯವರು ಎರಡು ಬಸ್ ಬದಲಿಸಿ ಅದನ್ನು ತಂದು, ಅಂಗಳದಲ್ಲಿ ನಿಂತೇ ಕೊಟ್ಟರು.

"ಅವರು ಬಂದ ಮೇಲೆ ಕೇಳಿ ಮಾಡು ಮಗಾ. ಮಾಮಿಗೆ ನನ್ನ ಹೆಸರು ಹೇಳ್ಬೇಡ," ಎಂದರು. ಚಹಾ ಸಹ ಕುಡಿಯದೆ ಹೋದರು.

ನಿಗದಿತ ಅವಧಿಯೊಳಗೆ ಕರ್ತವ್ಯಕ್ಕೆ ಹಾಜರಾಗತಕ್ಕದ್ದು, ತಪ್ಪಿದಲ್ಲಿ ಆದೇಶವು ತಾನಾಗಿಯೇ ರದ್ದಾಗತಕ್ಕದ್ದು ಎಂದು ಅದರಲ್ಲಿತ್ತು. ಅವಧಿ ಮುಗಿಯುವುದು ಬುಧವಾರ. ನನ್ನ ಹೆಸರು ಬೆರಳಚ್ಚಿನಲ್ಲಿ, ತಂದೆಯ ಹೆಸರಾಗಲಿ ಗಂಡನ ಹೆಸರಾಗಲಿ ಮುಂದಿಲ್ಲದೆ ಇದ್ದ ಕಾಗದ ಅದೊಂದೇ. ಸೀರೆಯ ಮಡಿಕೆಯಲ್ಲಿಟ್ಟು, ದಿನಕ್ಕೆರಡು ಸಲವಾದರೂ ತೆಗೆದು ಓದುತ್ತಿದ್ದೆ.

ಗಂಡ ಬಂದದ್ದು ಶನಿವಾರ. ಅಂದು ಮಾಮಿ ಮಗನ ಪಕ್ಕದಿಂದ ಏಳಲಿಲ್ಲ. ಭಾನುವಾರ ನೆಂಟರಿಷ್ಟರೆಲ್ಲ ಬಂದು ಸೆಂಟು ಮೂಸಿ, ಟೇಪ್ ರೆಕಾರ್ಡರಿನಲ್ಲಿ ತಮ್ಮ ಸ್ವರವನ್ನು ತಾವೇ ಕೇಳಿ ಹೋದರು. ನನಗೆ ಗಂಡನೊಡನೆ ನಾಲ್ಕು ಮಾತು ಸರಿಯಾಗಿ ಆಡಲು ಸಿಕ್ಕಿದ್ದು ಸೋಮವಾರ ಬೆಳಿಗ್ಗೆ, ಮಾಮಿ ದೇವಸ್ಥಾನಕ್ಕೆ ಹೊರಟ ಮೇಲೆ.

ಅವರು ಅಡುಗೆಮನೆಯ ಬಾಗಿಲಿಗೆ ಬಂದು ನಿಂತು, "ನಾನು ಕಾಗದದಲ್ಲಿ ಬರೆದದ್ದು ಯಾವಾಗ ಮಾಡ್ತಿ?" ಎಂದು ಕೇಳಿದರು.

ಅವರು ಬರೆದದ್ದು ಈ ಸಿಹಿಯ ಬಗ್ಗೆ. ಗಲ್ಫಿನಲ್ಲಿ ಒಂದು ಕೋಣೆಯಲ್ಲಿ ಎಂಟು ಜನರಿದ್ದು, ಪ್ರತಿ ಶುಕ್ರವಾರದ ರಜೆಯ ಬೆಳಿಗ್ಗೆ ಅಲ್ಲಿನ ಅಡುಗೆಯವನು ಇದನ್ನು ಮಾಡುತ್ತಿದ್ದನಂತೆ. ವಿಧಾನವನ್ನು ಅವನಿಂದ ಕೇಳಿ, ಅಂಚೆ ಕಾಗದದ ಅಂಚಿನವರೆಗೂ ಬರೆದು ಕಳುಹಿಸಿದ್ದರು.

"ಇವತ್ತು ಸೋಮವಾರ ಅಲ್ವಾ," ಎಂದೆ.

"ಸೋಮವಾರ ಬೇಕರಿಯ ಕೇಕ್ ತಿನ್ನುದಿಲ್ವಾ ನೀವೆಲ್ಲ? ಅದರಲ್ಲಿ ಮೊಟ್ಟೆ ಇಲ್ವಾ? ಕೇಕಿನೊಳಗೆ ಎಂತ ಕೋಳಿ ಕೂಗ್ತದಾ?"

ಅದು ನಿಜವಾಗಿತ್ತು. ಬೇಕರಿಯ ಕೇಕನ್ನು ನಮ್ಮಲ್ಲಿ ಯಾರೂ ನೀಸಿನ ಲೆಕ್ಕಕ್ಕೆ ಹಿಡಿಯುತ್ತಿರಲಿಲ್ಲ; ಮಾಮಿಯೂ ಹಿಡಿಯುತ್ತಿರಲಿಲ್ಲ. ಆ ವಾದವನ್ನು ನಾನು ಒಪ್ಪಿದ್ದು ಅದು ಸರಿ ಎಂಬ ಕಾರಣಕ್ಕಲ್ಲ. ಅವರ ಮನಸ್ಸು ಖುಷಿಯಾಗಿರುವಾಗ ಕಾಗದ ತೋರಿಸಬೇಕಾಗಿತ್ತು.

ಹೊಟ್ಟಿನ ಬುಟ್ಟಿಯಲ್ಲಿದ್ದ ಆರು ಮೊಟ್ಟೆಗಳಲ್ಲಿ ನಾಲ್ಕನ್ನು ತೆಗೆದುಕೊಂಡೆ. ತೆಂಗಿನಕಾಯಿ ತುರಿದು, ರುಬ್ಬಿ, ನೀರು ಬೆರೆಸದೆ ಮೊದಲ ಹಾಲನ್ನು ಹಿಂಡಿದೆ. ಸಕ್ಕರೆ, ಏಲಕ್ಕಿ, ಕಾಳಿನಷ್ಟು ಉಪ್ಪು ಸೇರಿಸಿ, ನೊರೆ ಏಳದ ಹಾಗೆ ಕಲಸಿ ಬಟ್ಟೆಯಲ್ಲಿ ಸೋಸಿದೆ. ಬುತ್ತಿಯ ಡಬ್ಬಿಯೊಂದರ ತಳದಲ್ಲಿ ಎರಡು ಚಮಚ ಸಕ್ಕರೆಯನ್ನು ಕೆಂಪಾಗುವವರೆಗೆ ಕಾಯಿಸಿ, ಅದರ ಮೇಲೆ ಇದನ್ನು ಹೊಯ್ದೆ. ಹಬೆಯಲ್ಲಿ ಬೇಯಿಸಲು ಮನೆಯಲ್ಲಿದ್ದುದು ಇಡ್ಲಿಯ ತೊಂದೂರು ಒಂದೇ. ಆ ಪಾತ್ರೆಯನ್ನು ನೀಸು ಮುಟ್ಟಿರಲಿಲ್ಲ. ಸೋಮವಾರ ದೇವಸ್ಥಾನದಿಂದ ಬಂದ ಮಾಮಿ ಉಣ್ಣುವ ಇಡ್ಲಿ ಅದರಲ್ಲಿಯೇ ಬೇಯುತ್ತಿತ್ತು. ಅವರ ಪಾಲಿನ ನಾಲ್ಕು ಇಡ್ಲಿಗಳನ್ನು ಬೇಯಿಸಿ ತೆಗೆದಿಟ್ಟು, ಅದೇ ನೀರಿನ ಮೇಲೆ ನಾನು ಡಬ್ಬಿಯನ್ನಿಟ್ಟೆ. ತೊಳೆದು ಒರೆಸಿಡಲು ಸಮಯವಿದೆ ಎಂದು ಭಾವಿಸಿದ್ದೆ.

ಅದು ಬೇಯುತ್ತಿರುವಾಗ ಕಾಗದ ಕೊಟ್ಟೆ. ಅವರು ನಿಂತುಕೊಂಡೇ ಪೂರ್ತಿ ಓದಿದರು.

"ಹಾಗಾದ್ರೆ ಇನ್ನು ನಿನ್ನನ್ನು ನೋಡ್ಲಿಕ್ಕೆ ನಾನು ಅರ್ಜಿ ಹಾಕ್ಬೇಕಾ?"

"ಬುಧವಾರದೊಳಗೆ ಹೋಗ್ಬೇಕು."

"ಹೋಗು ಮಾರಾಯ್ತಿ. ನಾನು ಹೇಗೂ ಎರಡು ತಿಂಗಳಲ್ಲಿ ವಾಪಸ್ ಹೋಗುವವ. ನೀನು ಇಲ್ಲಿ ಕೂತು ಎಂತ ಮಾಡ್ತಿ? ಅಮ್ಮನಿಗೆ ನಾನು ಹೇಳ್ತೇನೆ. ಮೊದಲು ಇದನ್ನು ಇಳಿಸು."

ಇಳಿಸಿ, ತಟ್ಟೆಗೆ ಕವುಚಿದೆ. ಒಡೆಯದೆ ಬಂತು, ಮೇಲಿನಿಂದ ಕೆಂಪು ಪಾಕ ಇಳಿಯಿತು. ಮೊದಲ ತುತ್ತಿಗೆ ಅವರು ಕಣ್ಣು ಮುಚ್ಚಿದರು. ಅಷ್ಟರಲ್ಲಿ ಅಂಗಳದಲ್ಲಿ ಮಾಮಿಯ ಚಪ್ಪಲಿಯ ಸದ್ದಾಯಿತು. ಗುರುತಿನ ಯಾರೋ ಕಾರಿನಲ್ಲಿ ಸೇತುವೆಯವರೆಗೆ ಬಿಟ್ಟಿದ್ದರಿಂದ ಅವರು ಅರ್ಧ ಗಂಟೆ ಮೊದಲೇ ಬಂದಿದ್ದರು.

ಮಾಮಿ ಮಗನ ಹಣೆಗೆ ಗಂಧ ಹಚ್ಚಿ ತಟ್ಟೆಯತ್ತ ನೋಡಿದರು. "ಇದೆಂತ, ಚಂದ ಉಂಟಲ್ಲ?"

"ಹಾಲಿನದ್ದಮ್ಮಾ. ಅಲ್ಲಿ ನಾವು ಮಾಡುದು. ಇವಳಿಗೆ ಹೇಳಿಕೊಟ್ಟೆ. ಬರೀ ಹೊಟ್ಟೆಯಲ್ಲಿದ್ದೀರಿ, ಬಾಯಿ ತೆಗಿರಿ," ಎಂದು ಅವರು ಚಮಚವನ್ನು ತಾಯಿಯ ಬಾಯಿಯ ಹತ್ತಿರ ಹಿಡಿದರು.

"ಮಾಮೀ, ಬೇಡ" ಎಂದು ನಾನು ಹೇಳಬಹುದಾಗಿತ್ತು. ಎರಡೇ ಶಬ್ದ. ಚಮಚ ತಲುಪುವುದರೊಳಗೆ ಹೇಳಲು ಸಾಕಷ್ಟು ಸಮಯವಿತ್ತು ಎಂಬುದನ್ನು ನಾನು ಒಪ್ಪಿಕೊಳ್ಳುತ್ತೇನೆ. ಹೇಳಿದರೆ ಬೆಳಗು ಕೆಡುತ್ತದೆ, ಬೆಳಗು ಕೆಟ್ಟರೆ ಬುಧವಾರ ಕೆಡುತ್ತದೆ ಎಂದು ಯೋಚಿಸಿ ಸುಮ್ಮನಿದ್ದೆ.

ಮಾಮಿ ತಿಂದರು. "ಒಳ್ಳೆದಾಗಿದೆ," ಎಂದರು. ಮಗ ಎರಡನೆಯ ಚಮಚ ಕೊಟ್ಟು, ಅದರ ಜೊತೆಗೆ ನನ್ನ ಕೆಲಸದ ಸುದ್ದಿಯನ್ನೂ ಹೇಳಿದರು. ಮಾಮಿ ನನ್ನನ್ನು ತಲೆಯಿಂದ ಕಾಲಿನವರೆಗೆ ನೋಡಿದರು.

"ಮನೆಯಲ್ಲಿ ಬೆಕ್ಕಿನ ಹಾಗೆ ಓಡಾಡುವವಳಿಗೆ ಸರಕಾರದ ಕೆಲಸವಾ? ಆಗಲಿ. ಸಿಹಿ ತಿಂದೇ ಕೇಳಿದೆ. ಹೋಗಿ ಬರಲಿ. ಸಂಜೆ ಆರರೊಳಗೆ ಮನೆಗೆ ಬರ್ಬೇಕು, ಅಷ್ಟೇ."

ಅವರು ನಕ್ಕದ್ದನ್ನು ನಾನು ಅಲ್ಲಿಯವರೆಗೆ ಅಷ್ಟು ಹತ್ತಿರದಿಂದ ಕಂಡಿರಲಿಲ್ಲ.

ಬಳಿಕ ಚಹಾಕ್ಕೆಂದು ಒಳಗೆ ಹೋದ ಮಾಮಿ ಹಾಲಿನ ಪಾತ್ರೆಯ ಮುಚ್ಚಳ ತೆಗೆದರು. ಬೆಳಿಗ್ಗೆ ಬಂದ ಹಾಲು ಅಷ್ಟೂ ಹಾಗೆಯೇ ಇತ್ತು. ಕಾಯಿಸಿಟ್ಟ ಹಾಲಿನ ಕೆನೆಯೂ ಕದಲಿರಲಿಲ್ಲ.

"ಹಾಲು ಇಲ್ಲೇ ಉಂಟಲ್ಲ. ಇದು ಯಾವ ಹಾಲಿನದ್ದು?"

"ತೆಂಗಿನ ಹಾಲು," ಎಂದರು ಮಗ. ಅದು ಸುಳ್ಳೂ ಆಗಿರಲಿಲ್ಲ.

ಮಾಮಿ ತೊಂದೂರಿನ ಮುಚ್ಚಳ ತೆಗೆದು ಬಗ್ಗಿದರು. ಬೆಂದ ಮೊಟ್ಟೆಯ ವಾಸನೆಯನ್ನು ಏಲಕ್ಕಿ ಮುಚ್ಚುವುದಿಲ್ಲ. ಅವರು ಮುಚ್ಚಳವನ್ನು ಮೆಲ್ಲನೆ ಕೆಳಗಿಟ್ಟು, ಬಾವಿಯ ಕಡೆಗೆ ಹೋಗಿ, ದೇವಸ್ಥಾನಕ್ಕೆ ಉಟ್ಟ ಸೀರೆಯಲ್ಲಿಯೇ ತಲೆಯ ಮೇಲೆ ಮೂರು ಕೊಡ ನೀರು ಸುರಿದುಕೊಂಡರು. ಬಾಯಿ ಮುಕ್ಕಳಿಸುವ ಸದ್ದು ಬಹಳ ಹೊತ್ತು ಕೇಳುತ್ತಿತ್ತು. ಒದ್ದೆ ಸೀರೆಯಲ್ಲಿಯೇ ಬಾಗಿಲಲ್ಲಿ ಬಂದು ನಿಂತರು.

"ಆರು ವರ್ಷ," ಎಂದರು. "ಇವನ ಜೀವಕ್ಕೆ ಅಂತ ಹಿಡಿದದ್ದು. ನೀನು ನನಗೆ ಅದನ್ನು ತಿನ್ನಿಸಿ ಹೂಂ ಹೇಳಿಸಿದೆಯಲ್ಲ ಮಗಳೇ. ಬಾಯಿ ಬಿಟ್ಟು ಕೇಳಿದ್ರೆ ನಾನು ಕೊಡ್ತಿರ್ಲಿಲ್ವಾ?"

ನಾನು ಗಂಡನ ಮುಖ ನೋಡಿದೆ. ಕೇಳಿ ಮಾಡಿಸಿದ್ದು ಅವರು, ಹಾಲಿನದ್ದು ಎಂದದ್ದು ಅವರು, ಚಮಚ ಹಿಡಿದದ್ದು ಅವರು. ಈ ಮೂರರಲ್ಲಿ ಒಂದನ್ನಾದರೂ ಹೇಳುತ್ತಾರೆ ಎಂದು ಕಾದೆ. ಅವರು ತಟ್ಟೆಯ ಅಂಚಿನ ಪಾಕವನ್ನು ಉಗುರಿನಿಂದ ಕೆರೆಯುತ್ತಿದ್ದರು.

"ಬಿಡಿ ಅಮ್ಮಾ. ಅವಳಿಗೆ ಅಷ್ಟು ಗೊತ್ತಾಗ್ಲಿಲ್ಲ," ಎಂದರು.

ಮಾಮಿ ಮತ್ತೆ ಕೆಲಸದ ಮಾತನ್ನೇ ಎತ್ತಲಿಲ್ಲ. ಬೇಡ ಎಂದೂ ಹೇಳಲಿಲ್ಲ. ಅಂದು ಏನೂ ತಿನ್ನದೆ ಗೋಡೆಯ ಕಡೆಗೆ ತಿರುಗಿ ಮಲಗಿದರು. ಮಧ್ಯಾಹ್ನ ಗಂಡ ನನ್ನ ಬಳಿ ಬಂದು, ತಗ್ಗಿದ ಸ್ವರದಲ್ಲಿ, "ಈ ಸಲ ಬಿಡು. ಅಮ್ಮ ಊಟ ಬಿಟ್ಟು ಕೂತ್ರೆ ನಾನು ಹೇಗೆ ವಾಪಸ್ ಹೋಗ್ಲಿ? ನೀನೇ ಬರೆದುಬಿಡು, ಆಗುದಿಲ್ಲ ಅಂತ," ಎಂದರು.

"ನೀವು ಅಮ್ಮನಿಗೆ ನಿಜ ಹೇಳಿ. ಆಮೇಲೆ ಬರೀತೇನೆ."

"ಹೇಳಿದ್ರೆ ಅವರು ನಂಬ್ತಾರಾ? ಇನ್ನೂ ಬೇಜಾರಾಗ್ತದೆ. ನೀನು ಬುದ್ಧಿವಂತೆ ಅಲ್ವಾ."

ಬರೆದೆ. ಮೇಲ್ಕಂಡ ಆದೇಶಕ್ಕೆ ಸಂಬಂಧಿಸಿದಂತೆ, ಕೌಟುಂಬಿಕ ಕಾರಣಗಳಿಂದ ಸದರಿ ಹುದ್ದೆಯನ್ನು ಸ್ವೀಕರಿಸಲು ನನಗೆ ಸಾಧ್ಯವಾಗುತ್ತಿಲ್ಲವೆಂದು ವಿನಯಪೂರ್ವಕವಾಗಿ ತಿಳಿಯಪಡಿಸುತ್ತೇನೆ. ಒಂದು ಅಕ್ಷರವನ್ನೂ ಹೊಡೆದು ಹಾಕಲಿಲ್ಲ. ಗಂಡ ಓದಿ, "ಅಕ್ಷರ ಎಷ್ಟು ಚಂದ ಉಂಟು ನಿಂದು," ಎಂದು ಹೇಳಿ, ಅಂಚೆಗೆ ಹಾಕಲು ಸೇತುವೆಯ ಕಡೆಗೆ ಹೋದರು. ನಾನು ತೊಂದೂರನ್ನು ಹುಣಸೆಹಣ್ಣು ಹಾಕಿ ಮೂರು ಸಲ ತಿಕ್ಕಿದೆ. ಮಾಮಿ ಎದ್ದು ಬಂದು ಅದನ್ನು ನೋಡಿ, ಮೀನಿನ ಪಾತ್ರೆಗಳ ಸಾಲಿಗೆ ದೂಡಿ ಹೋದರು.

ಗಂಡ ಸಂಜೆ ಮರಳಿದಾಗ ಕೈಯಲ್ಲಿ ಕಾಗದದ ಪೊಟ್ಟಣವಿತ್ತು. ಅದನ್ನು ಹೊಟ್ಟಿನ ಬುಟ್ಟಿಯ ಪಕ್ಕದಲ್ಲಿ ಜಾಗ್ರತೆಯಿಂದ ಇಟ್ಟರು. ಆರು ಮೊಟ್ಟೆಗಳಿದ್ದವು.

"ಹಾಕಿ ಬಂದೆ," ಎಂದರು. "ನಾಳೆ ಮಂಗಳವಾರ ಅಲ್ವಾ? ನೀಸು ಆಗ್ತದಲ್ಲ?"

ಆಗ್ತದೆ ಎಂದೆ.