ನೂಲಿಲ್ಲದ ಬೀಡಿ

ಮೂಡುಬಿದಿರೆಯ ಪುಟ್ಟ ಗ್ಯಾಲರಿಯೊಂದರಲ್ಲಿ ನನ್ನ ಮೊದಲ ಚಿತ್ರಪ್ರದರ್ಶನ ನಡೆದಾಗ ಹೊಸ ಜುಬ್ಬಾ ಹೊಲಿಸಿಕೊಂಡಿದ್ದೆ. ಜುಬ್ಬಾ ಇಲ್ಲದವನು ಕಲಾವಿದನೇ ಅಲ್ಲ ಎಂದು ನಂಬಿದ್ದೆ. ಬಂದವರು ಚಹಾ ಕುಡಿದು, ಚಿತ್ರಗಳ ಮುಂದೆ ಸೆಲ್ಫಿ ತೆಗೆದು, "ಲಾಯ್ಕ ಉಂಟು" ಎಂದು ಹೊರಡುತ್ತಿದ್ದರು. ಕೊಳ್ಳುವ ಮಾತನ್ನು ಯಾರೂ ಎತ್ತಲಿಲ್ಲ.

ಸಂಜೆಗೆ ಮಂಗಳೂರಿನ ಡಾಕ್ಟರೊಬ್ಬರು ಬಂದರು. ಚಿತ್ರ ಸಂಗ್ರಹಿಸುವವರು. ಅವರು ಒಂದು ಕೊಂಡರೆ ಉಳಿದವರೂ ಹುಡುಕಿಕೊಂಡು ಬರುತ್ತಾರೆ ಎಂಬ ಪ್ರತೀತಿ. ನರಿಕೊಂಬಿನ ನಮ್ಮ ನೆರೆಮನೆಯ ಅಕ್ಕ ಬೀಡಿ ಕಟ್ಟುತ್ತಿರುವ ಚಿತ್ರದ ಮುಂದೆ ಡಾಕ್ಟರು ನಿಂತರು.

"ಬೀಡಿಗೆ ನೂಲೇ ಇಲ್ಲ" ಎಂದರು.

ನಾನೂ ಬಾಗಿ ನೋಡಿದೆ. ನೂಲು ಬರೆಯಲು ಮರೆತೇ ಹೋಗಿತ್ತು.

"ದುಡಿಮೆಯ ಬಂಧನದಿಂದ ಬಿಡುಗಡೆ. ಅದೇ ಅಲ್ವಾ ನಿಮ್ಮ ಉದ್ದೇಶ?"

ಗಂಭೀರವಾಗಿ ತಲೆಯಾಡಿಸಿದೆ. ಜುಬ್ಬಾ ಹಾಕಿದವನು ಇನ್ನೇನು ಮಾಡಬೇಕು?

"ಇದು ನನಗಿರಲಿ" ಎಂದರು.

ಅಷ್ಟರಲ್ಲಿ ಅಕ್ಕನೇ ಬಂದರು. ನಾನೇ ಕರೆದಿದ್ದೆ. ಚಿತ್ರವನ್ನು ಹತ್ತಿರದಿಂದ ನೋಡಿ, ಹಿಂದೆ ಸರಿದು ನೋಡಿ, "ನೂಲು ಎಲ್ಲಿ ಮಾರಾಯ?" ಎಂದರು. ನಾನು ಬಿಡುಗಡೆಯ ಕತೆ ಹೇಳಿದೆ.

"ಅದೆಲ್ಲ ನನಗೆ ಗೊತ್ತಿಲ್ಲ. ನೂಲಿಲ್ಲದ ಒಂದು ಬೀಡಿಯನ್ನೂ ಕಂಪೆನಿಯ ಬ್ರಾಂಚಿಗೆ ಕೊಟ್ಟವಳಲ್ಲ ನಾನು. ಇದನ್ನು ನೋಡಿದವರು ಕೆಲಸ ಬಾರದವಳು ಅಂತ ಹೇಳ್ತಾರೆ."

ಅಕ್ಕನ ದನಿ ಸಣ್ಣದಾಗಿತ್ತು. ನನಗೆ ನಾಚಿಕೆಯಾಯಿತು.

"ಮರೆತದ್ದು ಸರ್. ನಾಳೆ ನೂಲು ಬರೀತೇನೆ" ಎಂದು ಡಾಕ್ಟರಿಗೆ ಹೇಳಿಬಿಟ್ಟೆ.

"ಹಾಗಾದರೆ ನನಗೆ ಬೇಡ" ಎಂದ ಅವರು ಚಹಾವನ್ನು ಅರ್ಧಕ್ಕೇ ಬಿಟ್ಟು ಹೋದರು.

ಮರುದಿನ ಬೆಳಗ್ಗೆ ಅಕ್ಕನಿಗೆ ಫೋನ್ ಮಾಡಿ, ನೂಲು ಎಷ್ಟು ಸುತ್ತು, ತುದಿಯಿಂದ ಎಷ್ಟು ಕೆಳಗೆ ಎಂದೆಲ್ಲ ಕೇಳಿಕೊಂಡು, ಗ್ಯಾಲರಿಯಲ್ಲೇ ಕುಳಿತು ಒಂದೊಂದು ಬೀಡಿಗೂ ಸುತ್ತಿದೆ. ಮಾರಾಟ ತಪ್ಪಿದ್ದಕ್ಕೆ ಹೊಟ್ಟೆ ಉರಿಯುತ್ತಲೇ ಇತ್ತು, ಸುಳ್ಳು ಯಾಕೆ ಹೇಳಲಿ.

ಮಧ್ಯಾಹ್ನ ಅಕ್ಕ, ಜೊತೆಯಲ್ಲಿ ಬೀಡಿ ಕಟ್ಟುವ ನಾಲ್ವರು ಹೆಂಗಸರನ್ನು ಬಸ್ಸು ಹತ್ತಿಸಿಕೊಂಡು ಬಂದರು. ನಾನು ವಾರಗಟ್ಟಲೆ ಒದ್ದಾಡಿ ಚಿತ್ರದಲ್ಲಿ ತಂದ ಕಿಟಕಿಯ ಬೆಳಕನ್ನು ಅವರಲ್ಲಿ ಒಬ್ಬರೂ ನೋಡಲಿಲ್ಲ. ಸೀದಾ ಬೀಡಿ ಇಟ್ಟ ಗೆರಸೆಯತ್ತ ಬಾಗಿ ಪರೀಕ್ಷೆಗೆ ತೊಡಗಿದರು. ಅಕ್ಕ ಮಾತ್ರ ಚಿತ್ರದ ಕಡೆ ತಿರುಗದೆ, ಸೆರಗಿನ ತುದಿ ಹಿಂಡುತ್ತ ಅವರ ಮುಖಗಳನ್ನೇ ನೋಡುತ್ತಿದ್ದರು.

ಎಲ್ಲರಿಗಿಂತ ಹಿರಿಯಾಕೆ ಸೊಂಟಕ್ಕೆ ಕೈ ಕೊಟ್ಟು ನೆಟ್ಟಗಾದರು.

"ಮುಖ ಸ್ವಲ್ಪ ಬೇರೆ ಉಂಟು" ಎಂದರು ಅಕ್ಕನಿಗೆ. "ಆದರೆ ಬೀಡಿ ಕಟ್ಟಿದ್ದು ನೀನೇ."