ಸೀಳು ದಿನ

ಆ ಊರಿನಲ್ಲಿ ದಿನವನ್ನು ನಂಬುವ ಹಾಗಿರಲಿಲ್ಲ. ಕೆಲವು ದಿನ ಬೆಳಗಿನ ಒಲೆ ಆರುವ ಮೊದಲೇ ಕತ್ತಲಾಗಿಬಿಡುತ್ತಿತ್ತು. ಅದು ಜಾರು ದಿನ. ಕೆಲವು ದಿನ ಸೂರ್ಯ ನೆತ್ತಿಗೆ ಬಂದವನು ಅಲ್ಲೇ ಠಿಕಾಣಿ ಹೂಡುತ್ತಿದ್ದ, ಜನ ಉಂಡು ಮಲಗಿ ಎದ್ದರೂ ಕದಲುತ್ತಿರಲಿಲ್ಲ. ಅದು ನಿಂತ ದಿನ. ನೆಟ್ಟಗೆ ಹುಟ್ಟಿ ನೆಟ್ಟಗೆ ಮುಳುಗಿದರೆ ಗಟ್ಟಿ ದಿನ. ತಿಂಗಳು, ವರ್ಷ, ಮಕ್ಕಳ ವಯಸ್ಸು ಎಲ್ಲ ಗಟ್ಟಿ ದಿನಗಳ ಲೆಕ್ಕದಲ್ಲೇ ನಡೆಯುತ್ತಿದ್ದವು. ಉಳಿದವು ಕ್ಯಾಲೆಂಡರಿನ ಅಂಚಿನಲ್ಲಿ ಚುಕ್ಕಿಗಳಾಗಿ ಕೂರುತ್ತಿದ್ದವು. ವಯಸ್ಸೆಷ್ಟು ಎಂದು ಯಾರಾದರೂ ಕೇಳಿದರೆ, "ಊರ ಲೆಕ್ಕದಲ್ಲೋ, ಮೊಣಕಾಲಿನ ಲೆಕ್ಕದಲ್ಲೋ?" ಎಂದು ಹಿರಿಯರು ನಗುತ್ತಿದ್ದರು.

ದಿನ ಯಾವುದೆಂದು ಗೋಪುರದಿಂದ ಕೂಗಿ ಹೇಳುವ ಕೆಲಸ ದಿನದಕ್ಕನದು. ತಾಯಿಯಿಂದ ಬಂದ ಕೆಲಸ. ಗಂಡ ಬೇಗ ಹೋಗಿಬಿಟ್ಟಿದ್ದ. ಇದ್ದೊಬ್ಬ ಮಗಳನ್ನು ಬೆಳೆಸಿದ್ದೂ ಇದೇ ಕೂಗಿನಿಂದ. ಗೋಪುರದ ಮೇಲೊಂದು, ಕಾಲುವೆಯ ದಂಡೆಯ ಮೇಲೊಂದು ನೀರಿನ ತೊಟ್ಟಿ. ಬೆಳಗಾದರೆ ಎರಡರಲ್ಲೂ ತಳ ತೂತಾದ ಬಟ್ಟಲನ್ನು ಏಕಕಾಲಕ್ಕೆ ತೇಲಿಬಿಡುತ್ತಿದ್ದರು. ದಂಡೆಯ ಬಟ್ಟಲು ಮುಳುಗಿದಾಗ ಅಲ್ಲಿಯ ಕಾವಲುಗಾರ ಕೆಂಪು ಬಟ್ಟೆ ಬೀಸುತ್ತಿದ್ದ. ಎರಡೂ ಒಟ್ಟಿಗೆ ಮುಳುಗಿದರೆ ದಿನ ಗಟ್ಟಿ.

ಮಗಳು ಕಾಲುವೆಯ ಗಾರೆ ಕೆಲಸದವಳು. ಗುಡ್ಡದ ಮೇಲಿನ ಕಟ್ಟೆಯಲ್ಲಿ ಸಂಜೆಯಾಗುತ್ತಲೇ ತೂಬಿನವನು ಚಕ್ರ ತಿರುಗಿಸಿ ನೀರು ಬಿಡುತ್ತಿದ್ದ. ಹಗಲಲ್ಲಿ ಒಣಗಿರುವ ಕಾಲುವೆಯೊಳಗೆ ಇಳಿದು ಕೆಲಸ ಮಾಡುವವರು ಅಷ್ಟರೊಳಗೆ ಮೇಲೆ ಬಂದಿರಬೇಕು. ಅದಕ್ಕೇ ಗಟ್ಟಿ ದಿನವಲ್ಲದೆ ಯಾರೂ ಇಳಿಯುವಂತಿರಲಿಲ್ಲ.

ಬಹಳ ಕಾಲ ಗಟ್ಟಿ ದಿನವೇ ಬರಲಿಲ್ಲ. ಕಾಲುವೆಯ ಗೋಡೆಯ ಬಿರುಕು ಕೈ ತೂರುವಷ್ಟಾಯಿತು. ಮಗಳು ಮನೆಯಲ್ಲಿ ಮುಖ ಊದಿಸಿಕೊಂಡು ಓಡಾಡುತ್ತಿದ್ದಳು. ಕೊನೆಗೊಂದು ಬೆಳಿಗ್ಗೆ ಎರಡು ಬಟ್ಟಲೂ ಒಟ್ಟಿಗೆ ಮುಳುಗಿದವು. ದಿನದಕ್ಕ "ಗಟ್ಟಿ" ಎಂದು ಕೂಗಿ ಕೆಳಗಿಳಿದಳು.

"ಅಂತೂ ನಿನ್ನ ಬಾಯಲ್ಲಿ ಆ ಮಾತು ಬಂತಲ್ಲ," ಎಂದು ಮಗಳು ತಿಂಡಿಯನ್ನೂ ಮುಟ್ಟದೆ ಕರಣೆ ಹಿಡಿದು ಹೊರಟುಹೋದಳು.

ಹೊತ್ತು ಇನ್ನೂ ಏರಿರಲಿಲ್ಲ. ತೊಟ್ಟಿ ತೊಳೆಯಲೆಂದು ಮತ್ತೆ ಗೋಪುರ ಹತ್ತಿದ ದಿನದಕ್ಕ ಗುಡ್ಡದ ಕಡೆ ನೋಡಿದಳು. ಮರಗಳ ನೆರಳು ಸಂಜೆಯ ಹಾಗೆ ಮೂಡಣದತ್ತ ಉದ್ದುದ್ದ ಮಲಗಿತ್ತು. ಊರಿನ ಕಡೆ ತಿರುಗಿದಳು. ಅಲ್ಲಿ ಎಳೆ ಬಿಸಿಲು. ಕಾಲುವೆಯೊಳಗೆ ಮಗಳು ಎತ್ತಿದ ಕೈ ಇಳಿಯುತ್ತಲೇ ಇಲ್ಲ. ಕರಣೆಯಿಂದ ಜಾರಿದ ಗಾರೆಯ ಮುದ್ದೆ ಗಾಳಿಯಲ್ಲೇ ತೂಗುತ್ತಿತ್ತು.

ದಿನ ನಡುವೆ ಸೀಳಿ ಎರಡಾಗಿತ್ತು. ಹಾಗೂ ಆಗಬಹುದೆಂದು ಅವಳ ತಾಯಿಯೂ ಹೇಳಿರಲಿಲ್ಲ. ಗೋಪುರದಿಂದ ಆಚೆ ಗುಡ್ಡದಲ್ಲಿ ಹೊತ್ತು ಓಡುತ್ತಿತ್ತು. ಈಚೆ ಊರಿನಲ್ಲಿ ತೆವಳುತ್ತಿತ್ತು. ತೂಬಿನವನಿಗೆ ಇನ್ನೇನು ಸಂಜೆ.

ಅವಳು ಮೆಟ್ಟಿಲಿಳಿದು ಗುಡ್ಡದ ದಾರಿ ಹಿಡಿದಾಗ, ಗೋಪುರದ ಬುಡದಲ್ಲಿ ಅಂಗಡಿ ಇಟ್ಟಿದ್ದ ದರ್ಜಿ ಅಡ್ಡ ಬಂದ.

"ಅಕ್ಕಾ, ಮಗಳು ಕೆಳಗಿದ್ದಾಳೆ. ಮೇಲ್ಯಾಕೆ ಓಡ್ತೀರಿ?"

"ಕೆಳಗೆ ಕಾಲಿಟ್ರೆ ನಾನೂ ಅವಳ ಥರಾನೇ ನಿಧಾನ ಆಗ್ಬಿಡ್ತೀನಿ. ಅಷ್ಟರಲ್ಲಿ ಮೇಲೆ ನೀರು ಬಿಟ್ಟಿರ್ತಾರೆ. ನೀವು ಹೋಗಿ ಎಲ್ರನ್ನೂ ಹತ್ತಿಸಿ. ನಾನು ತೂಬು ಹಿಡಿದಿರ್ತೀನಿ."

ದರ್ಜಿ ಒಮ್ಮೆ ಅವಳ ಮುಖ ನೋಡಿ, ಕೊರಳಲ್ಲಿದ್ದ ಟೇಪನ್ನು ಎಸೆದು ಕಾಲುವೆಯ ಕಡೆ ಓಡಿದ. ಸ್ವಲ್ಪ ದೂರದಲ್ಲೇ ಅವನ ಒಂದು ಕಾಲು ಗಾಳಿಯಲ್ಲಿ ನಿಂತುಬಿಟ್ಟಿತು.

ಅವಳು ಏದುಸಿರು ಬಿಡುತ್ತ ಕಟ್ಟೆ ಮುಟ್ಟಿದಾಗ ತೂಬಿನವನು ಚಕ್ರ ತಿರುಗಿಸುತ್ತಿದ್ದ. ಆಗಲೇ ನೀರಿನ ಒಂದು ಎಳೆ ಹರಿದಿತ್ತು.

"ಅಣ್ಣಾ, ನಿಲ್ಸಿ. ಕೆಳಗೆ ಇನ್ನೂ ಬೆಳಗ್ಗೆ."

"ಗಟ್ಟಿ ಅಂತ ಕೂಗಿದ್ದು ನೀನೇ ಅಲ್ವೇನಮ್ಮಾ?"

"ನಾನೇ. ಆಮೇಲೆ ಸೀಳ್ತು. ನೀವೇ ನೋಡಿ."

ಅವನು ಕಣ್ಣಿಗೆ ಕೈ ಅಡ್ಡ ಹಿಡಿದು ನೋಡಿದ. ಚಕ್ರವನ್ನು ಹಿಂದಕ್ಕೆ ತಿರುಗಿಸಿದ. ಆಮೇಲೆ ಹೇಳಿದ: "ಕಟ್ಟೆ ತುಂಬಿದೆ. ಹೀಗೇ ಹಿಡಿದಿಟ್ರೆ ಒಡೆಯುತ್ತೆ. ಒಡೆದ್ರೆ ಊರಿಗೆ ಊರೇ ಹೋಗುತ್ತೆ."

ನೀರಿಗೆ ಇನ್ನೊಂದು ದಾರಿಯಿತ್ತು, ಹಲಗೆ ಬಡಿದು ಮುಚ್ಚಿದ್ದ ಹಳೆಯ ಕೋಡಿ. ಅದನ್ನು ತೆರೆದರೆ ನೀರು ಗುಡ್ಡದ ಹಿಂದಕ್ಕೆ ಹೋಗುತ್ತಿತ್ತು. ಹೋಗುವ ದಾರಿಯಲ್ಲೇ ತೂಬಿನವನ ಮನೆ. ದಿನದಕ್ಕ ಆ ಮನೆಯ ಕಡೆ ನೋಡಿದಳು. ಅವನೇ ಹೆಂಡತಿಯನ್ನು ಕರೆದ.

"ಕಾಳಿನ ಮೂಟೆ, ಹಾಸಿಗೆ ಹೊರಗೆ ತೆಗಿ."

"ಯಾಕೆ?"

"ಕೋಡಿ ತೆಗೀಬೇಕು."

ಅವಳು ದಿನದಕ್ಕನನ್ನು ಕೆಕ್ಕರಿಸಿ ನೋಡಿ ಒಳಗೆ ಹೋದಳು. ಮೂಟೆಗಳು ಹೊರಗೆ ಬಂದವು. ಹಲಗೆ ಕಿತ್ತರು. ಮನೆಯ ಹಿಂದಿನ ಗೋಡೆ ಕೂತುಬಿಟ್ಟಿತು.

ಆಮೇಲಿನದು ಕಾಯುವ ಕೆಲಸ. ಮೇಲೆ ರಾತ್ರಿ ಹಗಲುಗಳು ಉರುಳುತ್ತಿದ್ದವು. ಕೆಳಗೆ ಅದೇ ಬೆಳಗು. ಮಗಳು ದರ್ಜಿಯ ಕೂಗಿಗೆ ತಲೆ ತಿರುಗಿಸುವುದಕ್ಕೇ ಮೇಲಿನ ಒಂದು ಇಡೀ ಹಗಲು ಹಿಡಿಯಿತು. ಮಳೆಗಾಲ ಬಂತು. ಕೋಡಿಗೆ ನೀರು ತಡೆಯದೆ ಕಟ್ಟೆಯ ಮಣ್ಣು ಜಗ್ಗಿದಾಗ ಮೂವರೂ ಕಲ್ಲು ಹೊತ್ತು ಹಾಕಿದರು. ತೂಬಿನವನ ಹೆಂಡತಿ ಬಯ್ಯುತ್ತಲೇ ಹೊತ್ತಳು, ಬಯ್ಯುತ್ತಲೇ ಬೇಯಿಸಿ ಹಾಕಿದಳು. ಮಳೆ ಹೋಗಿ ಮತ್ತೆ ಬಂತು. ಕಾಲುವೆಯಿಂದ ಒಬ್ಬೊಬ್ಬರೇ ಹತ್ತುತ್ತಿದ್ದರು. ಮಗಳು ಮಾತ್ರ ಏಣಿಯ ಬುಡದಲ್ಲಿ ಕುಂಟ ಮೇಸ್ತ್ರಿಗೆ ಹೆಗಲು ಕೊಟ್ಟು ನಿಂತಿದ್ದಳು. ಅವನು ಮೂರು ಮೆಟ್ಟಿಲು ಏರುವಷ್ಟರಲ್ಲಿ ಕಾಳಿನ ಮೂಟೆಗಳ ತಳ ಕಂಡಿತು.

"ಬಿಟ್ಟು ಬಾರೇ," ಎಂದು ದಿನದಕ್ಕ ಕಟ್ಟೆಯ ಮೇಲಿಂದ ಗೊಣಗಿದಳು. ಗೊಣಗಿದ್ದಕ್ಕೆ ಆಮೇಲೆ ಅವಳಿಗೇ ನಾಚಿಕೆಯಾಯಿತು.

ಕಡೆಗೆ ಮಗಳು ದಂಡೆಗೆ ಕಾಲಿಟ್ಟಳು. ತೂಬಿನವನು ಚಕ್ರ ತಿರುಗಿಸಿದ. ನೀರು ಗೋಪುರದ ಸಾಲಿಗೆ ಬಂದು, ಗಾಜಿನ ಗೋಡೆಯ ಹಾಗೆ ನಿಂತು, ಆಮೇಲೆ ಭೋರ್ಗರೆದು ನುಗ್ಗಿತು. ಸೀಳು ಕೂಡಿಕೊಂಡಿತ್ತು.

ದಿನದಕ್ಕ ಕೆಳಗಿಳಿದು ಬಂದಾಗ ಊರಿನಲ್ಲಿ ಇನ್ನೂ ಮಧ್ಯಾಹ್ನದ ಅಡುಗೆಯೂ ಆಗಿರಲಿಲ್ಲ.

"ಅಮ್ಮಾ, ಹಾಕಿದ ಗಾರೆಯೆಲ್ಲ ಕೊಚ್ಚಿಹೋಯ್ತು," ಎಂದು ಮಗಳು ಸಿಡುಕುತ್ತ ಹತ್ತಿರ ಬಂದಳು. "ತಲೆಗೆಲ್ಲ ಏನು ಸುಣ್ಣ ಮೆತ್ಕೊಂಡಿದೀಯ?"

ಕೈಯಿಂದ ಒರೆಸಿದಳು. ಹೋಗಲಿಲ್ಲ. ಮತ್ತೆ ಒರೆಸಿದಳು.

"ಸುಣ್ಣ ಅಲ್ಲ ಕಣೇ," ಎಂದಳು ದಿನದಕ್ಕ. ಮಗಳು ಕೈ ಅಲ್ಲೇ ಇಟ್ಟುಕೊಂಡು ಅಳತೊಡಗಿದಳು.

ಊರಿನವರು ಕಟ್ಟೆಯ ಮೇಲೆ ಮೂರನೆಯ ತೊಟ್ಟಿ ಇಟ್ಟರು. ಕ್ಯಾಲೆಂಡರಿಗೆ ಸೀಳು ದಿನವೆಂಬ ಹೆಸರು ಸೇರಿತು. ತೂಬಿನವನಿಗೆ ಗುಡ್ಡದ ಇನ್ನೊಂದು ಮಗ್ಗುಲಲ್ಲಿ ಮಗಳ ತಂಡ ಮನೆ ಕಟ್ಟಿಕೊಟ್ಟಿತು. ಅವನ ಹೆಂಡತಿ ಬಾಗಿಲು ಗಿಡ್ಡವಾಯಿತೆಂದು ಎರಡು ಸಲ ಕೀಳಿಸಿದಳು. ದಿನದಕ್ಕ ಕೂಗುವುದನ್ನು ಬಿಡಲಿಲ್ಲ. ಆದರೆ ಬಟ್ಟಲುಗಳು ಮುಳುಗಿದ ಮೇಲೂ ಅವಳು ಗುಡ್ಡವನ್ನೊಮ್ಮೆ ಊರನ್ನೊಮ್ಮೆ ನೋಡುತ್ತ ಬಹಳ ಹೊತ್ತು ಕೂಗದೆ ಕಾಯುತ್ತಿದ್ದಳು. ಕೆಲಸಕ್ಕೆ ತಡವಾಗುತ್ತದೆಂದು ಜನ ಕೆಳಗೆ ಗೊಣಗುತ್ತಿದ್ದರು. ಗೊಣಗಲಿ ಎಂದು ಬಿಟ್ಟುಬಿಡುತ್ತಿದ್ದಳು.