ದೊಡ್ಡಪ್ಪನ ಸದ್ದು

ಮಹಾರಾಷ್ಟ್ರದ ಗಡಿಯ ನಮ್ಮ ನಿಲಂಗಾದಲ್ಲಿ ಆಗೆಲ್ಲ ಬೇಸಿಗೆ ಬಂತೆಂದರೆ ಹಪ್ಪಳದ ಸರದಿ. ಇವತ್ತು ನಮ್ಮ ಮನೆ, ನಾಳೆ ಪಕ್ಕದ ಮನೆ. ಬೆಳಿಗ್ಗೆ ಬಿಸಿಲೇರುವ ಮೊದಲೇ ಓಣಿಯ ಹೆಂಗಸರು ತಮ್ಮ ತಮ್ಮ ಲಟ್ಟಣಿಗೆ ಹಿಡಿದು ನಮ್ಮ ಮಾಳಿಗೆ ಹತ್ತುತ್ತಿದ್ದರು. ಹಿಂಗಿನ ವಾಸನೆಯ ಉದ್ದಿನ ಹಸಿ ಹಿಟ್ಟನ್ನು ಎಣ್ಣೆಯಲ್ಲಿ ಅದ್ದಿ ತಿನ್ನುವುದು ನನ್ನ ಕೆಲಸ. ಅವರನ್ನು ನಗಿಸುವುದು ಎರಡನೆಯ ಕೆಲಸ.

ನನಗಾಗ ಹದಿಮೂರು. ಬಾಯಿಗೆ ಬೀಗವೇ ಇರಲಿಲ್ಲ. ನನ್ನ ದೊಡ್ಡ ಆಟವೆಂದರೆ ದೊಡ್ಡಪ್ಪ. ಅಪ್ಪನ ಅಣ್ಣ, ಮನೆಯ ಯಜಮಾನ, ಬಟ್ಟೆ ಅಂಗಡಿಯ ಗಾದಿಯ ಮೇಲೆ ಹಣೆತುಂಬ ವಿಭೂತಿ ಹಚ್ಚಿ ಕೂರುವವನು. ಉಂಡಾದ ಮೇಲೆ ಅವನು ದೊಡ್ಡದಾಗಿ ತೇಗುತ್ತಿದ್ದ. 'ಶಿವಾ' ಅನ್ನುತ್ತಿದ್ದ. ಆಮೇಲೆ ಒಂದು ಮಗ್ಗುಲೆತ್ತಿ ಉದ್ದಕ್ಕೆ ಹೂಸು ಬಿಟ್ಟು, ಇನ್ನೊಂದು 'ಶಿವಾ' ಅನ್ನುತ್ತಿದ್ದ. ನಾನು ತುಟಿಯಲ್ಲೇ ಆ ಸದ್ದು ತೆಗೆಯುತ್ತಿದ್ದೆ, ಏರಿಳಿತದ ಸಮೇತ.

ಅಂದು ಹಾಗೆ ಮಾಡಿ ತೋರಿಸಿದಾಗ ಎಲ್ಲರೂ ಬಿದ್ದು ಬಿದ್ದು ನಕ್ಕರು. ಪಕ್ಕದ ಮನೆಯ ಶಾಂತಾಕಾಕು ಮರಾಠಿಯಲ್ಲಿ, "ಪುನ್ಹಾ ಕರ ಗ," ಮತ್ತೊಮ್ಮೆ ಮಾಡೇ, ಎಂದಳು. ಎಲ್ಲರಿಗಿಂತ ಹೆಚ್ಚು ನಕ್ಕವಳು ನಮ್ಮವ್ವ. ಸೆರಗು ಬಾಯಿಗೊತ್ತಿಕೊಂಡು, ಕಣ್ಣಲ್ಲಿ ನೀರು ತಂದುಕೊಂಡು, "ಮಾಡ, ಇನ್ನೊಮ್ಮಿ ಮಾಡ," ಎಂದಳು.

ಮಾಡಿದೆ. ಮಗ್ಗುಲೆತ್ತಿದ್ದೆ ಅಷ್ಟೇ, ನಗು ಒಮ್ಮೆಲೇ ನಿಂತಿತು. ಮೆಟ್ಟಿಲ ತುದಿಯಲ್ಲಿ ದೊಡ್ಡಪ್ಪ ನಿಂತಿದ್ದ.

ಬೆನ್ನಿಗೆ ಲಟ್ಟಣಿಗೆ ಬಿತ್ತು. ಒಂದಲ್ಲ, ಮೂರು ಸಲ. "ಹೆಣ್ಣ ಹುಡುಗಿ, ನಾಚಿಕಿ ಇಲ್ಲ ನಿನಗ?" ಎಂದವಳು ಅದೇ ಅವ್ವ. ಅವನ ಕಡೆ ತಿರುಗಿ, "ಎಷ್ಟ ಹೇಳಿದ್ರೂ ಕೇಳವಲ್ಲಳು ನೋಡ್ರಿ ಬಾವಾ," ಅಂದಳು.

ದೊಡ್ಡಪ್ಪ, "ಇಲ್ಲಿ ಖಾಲಿ ಚೀಲ ಇತ್ತಲ್ಲ," ಎಂದ. ಚೀಲ ತೆಗೆದುಕೊಂಡು ಇಳಿದು ಹೋದ.

ನನಗೆ ಪೆಟ್ಟಿನ ಸಿಟ್ಟಿಲ್ಲ. ಅಷ್ಟು ಜನರಲ್ಲಿ ಒಬ್ಬಳಾದರೂ 'ನಾವೇ ಮಾಡಂದಿದ್ದು' ಅನ್ನಬೇಕಿತ್ತು. ಎಲ್ಲರೂ ತಲೆ ತಗ್ಗಿಸಿ ಹಪ್ಪಳ ಲಟ್ಟಿಸಿದರು. ಆ ಬೇಸಿಗೆಯಿಂದ ನಾನು ಯಾರನ್ನೂ ನಗಿಸಲಿಲ್ಲ. 'ಹುಡುಗಿ ಶಾಣೇ ಆದಳು, ತಿಳಿವಳಿಕೆ ಬಂತು' ಎಂದು ಓಣಿಯೆಲ್ಲ ಹೊಗಳಿತು. ಆ ಮಾತು ನೆನೆದರೆ ಈಗಲೂ ಮೈ ಉರಿಯುತ್ತದೆ.

ದೊಡ್ಡಪ್ಪ ಹೋಗಿ ಬಹಳ ವರ್ಷವಾಯಿತು. ನಾನು ಈಗ ಉದಗೀರದಲ್ಲಿದ್ದೇನೆ. ಮೊನ್ನೆ ಅವ್ವ ಬಂದಿದ್ದಾಗ ನನ್ನ ಹದಿನಾಲ್ಕರ ಮಗಳು ಊಟಕ್ಕೆ ಕೂತಲ್ಲೇ ತನ್ನ ಟ್ಯೂಷನ್ ಸರ್ ಹೂಸು ಬಿಟ್ಟು ಬೆಂಚು ಎಳೆದು ಸದ್ದು ಮುಚ್ಚುವುದನ್ನು ಮಾಡಿ ತೋರಿಸಿದಳು. ನನಗರಿವಿಲ್ಲದೆ ನನ್ನ ಕೈ ಮೇಲೆದ್ದಿತ್ತು.

ಅವ್ವ ಕೈ ಹಿಡಿದಳು. ನಕ್ಕು ನಕ್ಕು ಅವಳ ಕಣ್ಣಲ್ಲಿ ನೀರು. "ಬಿಡ, ನಗೋ ವಯಸ್ಸದ ಅಕಿದು."

"ಹಂಗಾದ್ರ ನನಗ್ಯಾಕ ಹೊಡದಿ, ಮಾಳಿಗಿ ಮ್ಯಾಲ?"

"ನಾ ಹೊಡದಿದ್ನೇನ?" ಅವ್ವ ನಿಜವಾಗಿಯೂ ಯೋಚಿಸಿದಳು. "ನೆನಪಿಲ್ಲ ನೋಡ. ನಿಮ್ಮ ದೊಡ್ಡಪ್ಪಂದು ಎಷ್ಟ ಚಂದ ಮಾಡತಿದ್ದಿ. ಯಾಕ ಬಿಟ್ಟಿ?"

ಊಟದ ತಟ್ಟೆ ಎತ್ತಿ ಎಸೆಯಬೇಕೆನಿಸಿತು. ಮಗಳು, "ಮಮ್ಮಿ, ನೀನೂ ಮಾಡತಿದ್ದಿ? ಮಾಡಿ ತೋರಸ," ಎಂದು ಗಂಟುಬಿದ್ದಳು. ಇಬ್ಬರೂ ನನ್ನ ಬಾಯಿಯನ್ನೇ ನೋಡುತ್ತ ಕೂತರು.

ತೇಗು, ಮೊದಲ 'ಶಿವಾ', ಎತ್ತುವ ಮಗ್ಗುಲು, ಎಲ್ಲ ನೆನಪಿತ್ತು. ತುಟಿ ಕೂಡಿಸಿದೆ. ಬರೀ ಗಾಳಿ ಬಂತು.